ಉಜ್ಜದೆ ಉಳಿದ ಅಂಗೈ

ಹೊಳೆ ಕಡಲು ಸೇರುವ ಮೊದಲು ಒಮ್ಮೆ ಊರಿನ ಕಡೆಗೆ ಬಾಗಿ, ಏನನ್ನೋ ಮರೆತು ಬಂದವಳಂತೆ ಸ್ವಲ್ಪ ತಡೆದು, ಆಮೇಲೆ ಮುಂದೆ ಹೋಗುವ ಜಾಗವೊಂದಿತ್ತು. ಆ ಬಾಗಿನಲ್ಲಿ ಒಂದು ಊರು. ಅದಕ್ಕೆ ಹೆಸರಿತ್ತೋ ಇಲ್ಲವೋ, ಅಲ್ಲಿಯವರಿಗೆ ‘ನಮ್ಮೂರು’ ಎಂದರೆ ಸಾಕಾಗಿತ್ತು. ಹೊರಗಿನವರು ಮಾತ್ರ ‘ಅಳದವರ ಊರು’ ಎನ್ನುತ್ತಿದ್ದರು. ಹಾಗೆಂದು ಅಲ್ಲಿ ಯಾರೂ ಸಾಯುತ್ತಿರಲಿಲ್ಲ ಎಂದಲ್ಲ. ಸಾವು ಎಲ್ಲ ಊರಿಗೆ ಹೋದಂತೆ ಅಲ್ಲಿಗೂ ಹೋಗುತ್ತಿತ್ತು, ಬಾಗಿಲು ತಟ್ಟದೆ ಒಳಗೆ ಬರುತ್ತಿತ್ತು. ಬಂದುಹೋದ ಗುರುತು ಮಾತ್ರ ಮುಂದಿನ ಹಬ್ಬದ ಆಚೆಗೆ ಉಳಿಯುತ್ತಿರಲಿಲ್ಲ.

ವರ್ಷ ಅರ್ಧ ತುಂಬುವ ದಿನ ಅಲ್ಲಿ ಉಸಿರು ಕೊಡುವ ಹಬ್ಬ. ಅಂದು ಹೊಳೆಯ ಮೆಟ್ಟಿಲ ಮೇಲೆ ಜೊಂಡುಹುಲ್ಲಿನಲ್ಲಿ ಹೆಣೆದ ಬಳೆಯೊಂದನ್ನು ನಿಲ್ಲಿಸುತ್ತಿದ್ದರು. ಕೈಗೆ ಹಾಕುವ ಬಳೆಯಲ್ಲ, ಎತ್ತರದ ಆಳೂ ತಲೆ ಬಗ್ಗಿಸದೆ ದಾಟಬಹುದಾದ ಬಳೆ. ಊರಿನ ಒಬ್ಬೊಬ್ಬರ ಕೈಯಲ್ಲೂ ಒಂದೊಂದು ಬಿಳಿ ಕಾಗದದ ಗೊಂಬೆ. ಅದಕ್ಕೆ ಕಣ್ಣಿಲ್ಲ, ಬಾಯಿಲ್ಲ. ಚಾಚಿದ ಎರಡು ಕೈ, ಕೆಳಗೆ ಲಂಗದಂಥ ಅಂಚು, ಅಷ್ಟೇ. ದೊಡ್ಡವರಿಗೆ ದೊಡ್ಡದು, ಮಕ್ಕಳಿಗೆ ಚಿಕ್ಕದು. ಆ ಗೊಂಬೆಯಿಂದ ಮೈಯನ್ನೆಲ್ಲ ಉಜ್ಜಿಕೊಳ್ಳಬೇಕು. ಉಜ್ಜುತ್ತ ಹೇಳಬೇಕು: ತಲೆಯದು ಹೋಗಲಿ, ಎದೆಯದು ಹೋಗಲಿ, ಕೈಯದು ಹೋಗಲಿ, ಕಾಲಿನದು ಹೋಗಲಿ. ಆಮೇಲೆ ಗೊಂಬೆಯ ಮೇಲೆ ಮೂರು ಸಲ ಉಸಿರು ಬಿಟ್ಟು, ಬಳೆ ದಾಟಿ, ಅದನ್ನು ಹೊಳೆಗೆ ಬಿಡಬೇಕು. ಹೊಳೆ ಅದನ್ನು ಕಡಲಿಗೆ ಒಯ್ಯುತ್ತದೆ. ಕಡಲು ಅದನ್ನು ಏನು ಮಾಡುತ್ತದೆ ಎಂದು ಕೇಳುವ ಅಭ್ಯಾಸ ಆ ಊರಿನಲ್ಲಿ ಯಾರಿಗೂ ಇರಲಿಲ್ಲ.

ಹೀಗೆ ಹೋಗುವುದರಲ್ಲಿ ಆಡಿದ ಸುಳ್ಳಿತ್ತು, ಹೊಟ್ಟೆಕಿಚ್ಚಿತ್ತು, ಹಳೆಯ ಕೀಲುನೋವಿತ್ತು, ದುಃಖವೂ ಇತ್ತು. ಆದರೆ ದುಃಖವೊಂದನ್ನೇ ಕಳಿಸಲು ಬರುವುದಿಲ್ಲವಲ್ಲ. ಯಾರಿಗಾಗಿ ದುಃಖವೋ ಅವರನ್ನೂ ಅದು ಕೈಹಿಡಿದು ಕರೆದುಕೊಂಡು ಹೋಗುತ್ತಿತ್ತು. ಹೆಂಡತಿ ಸತ್ತವನು ಬಳೆ ದಾಟಿ ಮನೆಗೆ ಬಂದು, ಹಾಸಿಗೆಯ ಮೇಲೆ ಎರಡು ದಿಂಬು ಕಂಡು, ‘ಇದೊಂದು ಹೆಚ್ಚಿಗೆ ಇದೆಯಲ್ಲ’ ಎಂದು ಬಿಸಿಲಿಗೆ ಹಾಕಿ, ಪಕ್ಕದ ಮನೆಗೆ ಕೊಟ್ಟುಬಿಡುತ್ತಿದ್ದ. ಪಕ್ಕದ ಮನೆಯವರೂ ‘ಯಾರದು’ ಎಂದು ಕೇಳುತ್ತಿರಲಿಲ್ಲ. ಅವರೂ ಬಳೆ ದಾಟಿ ಬಂದವರೇ. ಹಬ್ಬದ ಮಾರನೆಯ ದಿನ ಊರಿಗೆ ಊರೇ ಗೋಡೆಗಳಿಗೆ ಸುಣ್ಣ ಹೊಡೆದುಕೊಳ್ಳುತ್ತಿತ್ತು. ನೋಡಿದವರ ಕಣ್ಣು ಕೋರೈಸುವಷ್ಟು ಬಿಳಿ. ಅಯ್ಯೋ ಪಾಪ ಎನ್ನಬೇಡಿ, ಅವರು ಸುಖವಾಗಿಯೇ ಇದ್ದರು. ಮುಖದಲ್ಲಿ ಸುಕ್ಕು ಕಡಿಮೆ, ರಾತ್ರಿ ನಿದ್ದೆ ಚೆನ್ನಾಗಿ ಬರುತ್ತಿತ್ತು, ಮಾತಿಗೆ ಮೊದಲು ನಗು ಬರುತ್ತಿತ್ತು.

ಕಟ್ಟಳೆ ಒಂದೇ. ಕೊಡುವುದಾದರೆ ಎಲ್ಲರೂ ಕೊಡಬೇಕು. ಒಬ್ಬರು ಉಸಿರು ಹಿಡಿದಿಟ್ಟುಕೊಂಡರೂ ಹೊಳೆ ಯಾರದ್ದನ್ನೂ ಒಯ್ಯುವುದಿಲ್ಲ. ಹಾಗೆ ಆದದ್ದನ್ನು ಯಾರೂ ಕಂಡಿರಲಿಲ್ಲ. ಕಂಡಿದ್ದರೂ ನೆನಪಿನಲ್ಲಿ ಉಳಿಯಬೇಕಲ್ಲ!

ಊರಿಗೆಲ್ಲ ಗೊಂಬೆ ಕತ್ತರಿಸಿಕೊಡುವವಳು ಕಾಗದದವಳು. ಹಿಪ್ಪುನೇರಳೆಯ ತೊಗಟೆ ನೆನೆಹಾಕಿ, ಬೇಯಿಸಿ, ಮರದ ಕೊಡತಿಯಿಂದ ಬಡಿದು, ತೊಟ್ಟಿಯ ನೀರಿನಲ್ಲಿ ಕದಡಿ, ಬಿದಿರುಕಡ್ಡಿಯ ಜರಡಿಯಲ್ಲಿ ತೆಳ್ಳಗೆ ಎತ್ತಿ ಕಾಗದ ಮಾಡುತ್ತಿದ್ದಳು. ಒದ್ದೆ ಹಾಳೆಗಳನ್ನು ಮನೆಯ ಹಿಂದಿನ ಗಾರೆಗೋಡೆಗೆ ಅಂಟಿಸಿ ಒಣಗಿಸುತ್ತಿದ್ದಳು. ಆ ಗೋಡೆ ಅವಳಿಗೆ ಹೊಲವಿದ್ದ ಹಾಗೆ. ಬೆಳಗ್ಗೆ ಎದ್ದು ಮೊದಲು ನೋಡುವುದು ಅದನ್ನೇ. ಅವಳ ಗಂಡ ದೋಣಿಯವ. ಜನರನ್ನು ಆ ದಡದಿಂದ ಈ ದಡಕ್ಕೆ ದಾಟಿಸುವವನು, ಮಾತು ಕಡಿಮೆ, ಬಲಗೈಯ ಕಿರುಬೆರಳು ಹುಟ್ಟಿನಿಂದಲೇ ಸೊಟ್ಟ.

ಇಬ್ಬರಿಗೂ ಸೇರಿ ಒಬ್ಬಳು ಮಗಳು. ಬಾಯಿ ಸುಮ್ಮನಿರದ ಮಗಳು. ಒಂದು ಬೇಸಿಗೆಯಲ್ಲಿ ಗೋಡೆಯ ಗಾರೆ ಉದುರಿದ ಕಡೆ ಕಾಗದದವಳು ಹಸಿ ಗಾರೆ ಮೆತ್ತಿ, ಕೈ ತೊಳೆಯಲು ಹೋಗಿ ಬರುವಷ್ಟರಲ್ಲಿ ಮಗಳು ಅದರ ಮೇಲೆ ಅಂಗೈ ಒತ್ತಿಬಿಟ್ಟಿದ್ದಳು.

“ಏನೇ ಇದು, ಕೋತಿ! ಇನ್ನು ಇಲ್ಲಿ ಹಾಳೆ ಹಾಕಿದರೆ ಬೆರಳು ಮೂಡುತ್ತೆ.”

“ಅಲ್ಲಿ ಆಗಲೇ ಒಂದು ಕೈ ಇತ್ತಲ್ಲಮ್ಮ. ಅದಕ್ಕೆ ಜೊತೆ ಬೇಡ್ವಾ?”

ತಾಯಿ ಬಗ್ಗಿ ನೋಡಿದಳು. ಹೌದು, ಪಕ್ಕದಲ್ಲೇ ಮಸುಕಾದ ತಗ್ಗೊಂದಿತ್ತು. ಆ ಜಾಗದಲ್ಲಿ ಅಂಟಿಸಿದ ಹಾಳೆ ನೆಟ್ಟಗೆ ಬರುವುದಿಲ್ಲವೆಂದು ಅವಳು ಮೊದಲಿಂದಲೂ ಅದನ್ನು ಬಿಟ್ಟೇ ಅಂಟಿಸುತ್ತಿದ್ದಳು. “ಅದು ಗಾರೆ ಕುಸಿದ ಗುರುತು ಕಣೆ.”

“ಬೆರಳಿದೆ ನೋಡು. ಕಿರುಬೆರಳು ಅಪ್ಪನ ಥರ ಸೊಟ್ಟ.”

“ನಿನ್ನದೇ ಇರಬೇಕು. ಕೂಸಾಗಿದ್ದಾಗ ಒತ್ತಿರ್ತೀಯ.”

“ನನ್ನ ಬೆರಳು ನೆಟ್ಟಗಿದೆಯಲ್ಲಮ್ಮ,” ಎಂದು ಮಗಳು ಗಾರೆ ಮೆತ್ತಿದ ಕೈಯನ್ನು ಅವಳ ಮೂಗಿನ ಹತ್ತಿರ ಚಾಚಿದಳು. ತಾಯಿ ನಕ್ಕು, ಆ ಕೈ ಹಿಡಿದು ತೊಟ್ಟಿಗೆ ಎಳೆದುಕೊಂಡು ಹೋಗಿ ತೊಳೆದಳು. ಮಾತು ಅಲ್ಲಿಗೇ ಮುಗಿಯಿತು. ಮಕ್ಕಳು ಏನೇನೋ ಕೇಳುತ್ತವೆ, ಎಲ್ಲಕ್ಕೂ ನಿಂತು ಉತ್ತರ ಹೇಳುತ್ತ ಕೂತರೆ ಕಾಗದ ಮಾಡುವವರು ಯಾರು?

ಮುಂದಿನ ಚಳಿಗಾಲದಲ್ಲಿ ಮಗಳಿಗೆ ಕೆಮ್ಮು ಹತ್ತಿತು. ಕಷಾಯಕ್ಕೆ ಬಗ್ಗಲಿಲ್ಲ, ಬಿಸಿನೀರಿನ ಹಬೆಗೆ ಬಗ್ಗಲಿಲ್ಲ. ಒಂದು ಬೆಳಗ್ಗೆ ಕೆಮ್ಮು ನಿಂತಿತು. ಕೆಮ್ಮು ನಿಂತಿತಲ್ಲ ಎಂದು ತಾಯಿ ಸಂತೋಷದಿಂದ ಎದ್ದು ಬಂದಳು. ಎದ್ದು ಬಂದ ಆ ಒಂದು ಗಳಿಗೆಯ ಸಂತೋಷಕ್ಕೆ ಅವಳು ಆಮೇಲೆ ತನ್ನನ್ನು ತಾನು ಕ್ಷಮಿಸಲಿಲ್ಲ.

ಊರಿನವರು ಬಂದು ಸಮಾಧಾನ ಹೇಳಿದರು. ಅವರ ಸಮಾಧಾನ ಒಂದೇ ಥರ. “ಹಬ್ಬದವರೆಗೆ ತಡ್ಕೊಳ್ಳಮ್ಮ. ಆಮೇಲೆ ಏನೂ ಇರೋದಿಲ್ಲ.” ಅವಳೂ ಬೇರೆಯವರ ಮನೆಯಲ್ಲಿ ಹೀಗೇ ಹೇಳಿ ಬಂದಿದ್ದವಳು. ಹಾಗಾಗಿ ತಲೆಯಾಡಿಸಿದಳು. ಹಬ್ಬ ಬರಲಿ ಎಂದುಕೊಂಡೇ ಅನ್ನ ಬೇಯಿಸಿದಳು, ಹಬ್ಬ ಬರಲಿ ಎಂದುಕೊಂಡೇ ತೊಗಟೆ ಬಡಿದಳು. ಬಾಗಿಲ ಹತ್ತಿರ ಮಗಳು ಕಾಲಿಗೆ ಹಾಕುತ್ತಿದ್ದ ಹುಲ್ಲಿನ ಜೋಡು ಹಾಗೇ ಇತ್ತು. ಹೇಗೂ ಹಬ್ಬದ ನಂತರ ನೋವಾಗದೆ ಎತ್ತಿಡಬಹುದು ಎಂದು ಅದನ್ನು ಮುಟ್ಟಲಿಲ್ಲ.

ಮಳೆ ಹಿಡಿಯಿತು. ಹಬ್ಬ ಹತ್ತಿರವಾಯಿತು. ಅವಳು ಹೊಸ್ತಿಲ ಒಳಗೆ ಕೂತು ಗೊಂಬೆ ಕತ್ತರಿಸುತ್ತಿದ್ದಳು. ಮೊದಲು ಬಳೆ ಹೆಣೆಯುವ ಅಜ್ಜನ ಮನೆಗೆ, ಆಮೇಲೆ ಉಪ್ಪಿನವಳ ಮನೆಗೆ, ಹೀಗೆ ಊರನ್ನು ಸುತ್ತಿ ಬಂದು ಕೊನೆಗೆ ತನ್ನ ಮನೆಗೆ. ಕತ್ತರಿ ತಾನಾಗಿ ಓಡುತ್ತಿತ್ತು. ಒಂದು ದೊಡ್ಡದು, ಇನ್ನೊಂದು ದೊಡ್ಡದು, ಒಂದು ಚಿಕ್ಕದು. ಚಿಕ್ಕದು ಮಡಿಲಿಗೆ ಬಿದ್ದ ಮೇಲೆ ಅವಳಿಗೆ ಎಚ್ಚರವಾಯಿತು. ಸತ್ತವರಿಗೆ ಗೊಂಬೆಯಿಲ್ಲ. ಕೈಗೆ ಆ ವಿಷಯ ಯಾರೂ ಹೇಳಿರಲಿಲ್ಲ.

ಅವಳು ಆ ಚಿಕ್ಕ ಗೊಂಬೆಯನ್ನು ಹಿಡಿದುಕೊಂಡು ಹಿಂದಿನ ಗೋಡೆಯ ಹತ್ತಿರ ಹೋದಳು. ಮಗಳ ಕೈಯಚ್ಚಿನ ಮೇಲೆ ತನ್ನ ಬೆರಳಿಟ್ಟಳು. ಒಂದು ಸುಣ್ಣದ ಪದರವಷ್ಟೇ ಅದರ ಮೇಲೆ ಕೂತಿತ್ತು, ರೇಖೆಗಳು ಇನ್ನೂ ಕಾಣುತ್ತಿದ್ದವು. ಆಮೇಲೆ ಪಕ್ಕದ ತಗ್ಗಿಗೆ ಬೆರಳಿಟ್ಟಳು. ಅದರೊಳಗೆ ಎಷ್ಟೋ ಹಬ್ಬಗಳ ಸುಣ್ಣ ಪದರದ ಮೇಲೆ ಪದರವಾಗಿ ತುಂಬಿತ್ತು. ಉಗುರಿನಿಂದ ಮೆಲ್ಲಗೆ ಕೆರೆದಳು. ಸುಣ್ಣ ಚಕ್ಕೆಯಾಗಿ ಎದ್ದುಬಂತು. ಒಳಗೆ ಅಂಗೈ ಇತ್ತು. ಐದು ಬೆರಳಿದ್ದವು. ಕಿರುಬೆರಳು ಸೊಟ್ಟ.

ಮಳೆಯಲ್ಲೇ ನಿಂತುಬಿಟ್ಟಳು. ಈ ಮನೆಯಲ್ಲಿ ಅವಳು ಮದುವೆಯಾಗಿ ಬಂದ ಮೇಲೆ ಕಟ್ಟಿದ ಗೋಡೆ ಅದು. ಬೇರೆ ಯಾರ ಮಗುವೂ ಅಲ್ಲಿಗೆ ಬಂದು ಕೈ ಒತ್ತುವಂತಿರಲಿಲ್ಲ. ಹಾಗಾದರೆ ತಾನು ಹೆತ್ತಿದ್ದೇನೆ. ಸೊಂಟದ ಮೇಲೆ ಹೊತ್ತು ಓಡಾಡಿದ್ದೇನೆ. ಹೀಗೇ ಗದರಿಸಿ ಕೈ ತೊಳೆದಿದ್ದೇನೆ. ಆಮೇಲೆ ಒಂದು ದಿನ ಉಸಿರಿನ ಜೊತೆ ಹೊಳೆಗೆ ಬಿಟ್ಟು, ನಗುನಗುತ್ತ ಮನೆಗೆ ಬಂದು ಸುಣ್ಣ ಹೊಡೆದಿದ್ದೇನೆ. ಗಂಡೋ ಹೆಣ್ಣೋ ಗೊತ್ತಿಲ್ಲ. ಏನೆಂದು ಕರೆಯುತ್ತಿದ್ದೆನೋ ಗೊತ್ತಿಲ್ಲ. ಅಷ್ಟು ಸಲ ಸುಣ್ಣದ ಕುಂಚ ಆಡಿಸಿದ ಕೈ ಇದೇ.

ಸಂಜೆ ದೋಣಿಯವ ಬಂದಾಗ ಅವಳು ಎಲ್ಲ ಹೇಳಿದಳು. ಅವನು ಅನ್ನ ಕಲಸುತ್ತಿದ್ದವನು ನಿಲ್ಲಿಸಿದ.

“ಬನ್ನಿ, ನೋಡಿ ಬನ್ನಿ. ನಿಮ್ಮ ಬೆರಳೇ ಅದು.”

“ನಾನು ಬರೋದಿಲ್ಲ.”

“ನಿಮ್ಮ ಮಗು ರೀ.”

“ಇರಬಹುದು. ಅದು ಈಗ ನೋಯ್ತಾ ಇದೆಯಾ? ಇಲ್ಲವಲ್ಲ. ಇದೂ ಹಾಗೇ ಆಗುತ್ತೆ, ಇನ್ನು ಎಷ್ಟು ದಿನ.”

“ಅದಕ್ಕೇ ನನಗೆ ಹೆದರಿಕೆ.”

ಅವನು ತಟ್ಟೆ ದೂರ ಸರಿಸಿದ. “ನಿನಗೆ ಗೋಡೆ ಇದೆ. ನಾನು ಹೊಳೆ ಮಧ್ಯ ಒಬ್ಬನೇ ಇರ್ತೀನಿ ಕಣೇ. ಹುಟ್ಟು ಹಾಕಿದಾಗೆಲ್ಲ ಅವಳ ಕೆಮ್ಮು ಕೇಳಿಸುತ್ತೆ. ದಾಟಿದವರು ದುಡ್ಡು ಕೊಟ್ಟರೆ ಅದು ಬೀಳೋ ಸದ್ದೂ ಕೆಮ್ಮಿನ ಹಾಗೇ. ನಾನು ಕೊಟ್ಟುಬಿಡ್ತೀನಿ. ನೀನೂ ಕೊಟ್ಟುಬಿಡು.” ಇಷ್ಟು ಮಾತನ್ನು ಅವನು ಒಂದೇ ಸಲ ಆಡಿದ್ದು ಅವಳಿಗೆ ನೆನಪಿರಲಿಲ್ಲ. ಎದ್ದು ಕೈ ತೊಳೆಯಲು ಹೋದಾಗಲೂ ಅವನು ಗೋಡೆಯ ಕಡೆ ತಿರುಗಲಿಲ್ಲ.

ಅವಳು ಕೊಡಬಾರದು ಎಂದುಕೊಂಡಳು. ಒಂದನ್ನು ಕೊಟ್ಟಾಯಿತು, ಇವಳನ್ನು ಕೊಡಲಾರೆ. ನೋವೇ ಇದ್ದರೆ ಇರಲಿ, ನೋವಿನ ತುದಿಯಲ್ಲಿ ಮಗಳಿದ್ದಾಳಲ್ಲ.

ಹಬ್ಬದ ದಿನ ಮಳೆ ನಿಂತು ಬಿಸಿಲು ಬಂದಿತ್ತು. ಹುಲ್ಲಿನ ಬಳೆ ಹಸಿರಾಗಿ ನಿಂತಿತ್ತು. ಬಳೆಯಜ್ಜ ಅದರ ಪಕ್ಕದಲ್ಲಿ ಬಿಳಿ ಬಟ್ಟೆ ಉಟ್ಟು ನಿಂತಿದ್ದ. ಜನ ಸಾಲಾಗಿ ಬಂದರು. ತಲೆಯದು ಹೋಗಲಿ, ಎದೆಯದು ಹೋಗಲಿ, ಕೈಯದು ಹೋಗಲಿ, ಕಾಲಿನದು ಹೋಗಲಿ. ಉಸಿರು, ಉಸಿರು, ಉಸಿರು. ಬಳೆ ದಾಟಿ, ಬಗ್ಗಿ, ನೀರಿಗೆ. ದೋಣಿಯವ ಅವಳಿಗಿಂತ ಮುಂದೆ ಇದ್ದ. ಅವನು ಉಸಿರು ಬಿಟ್ಟದ್ದು ಅವಳಿಗೆ ಕೇಳಿಸಿತು, ತುಂಬ ಹೊತ್ತು ನೀರಿನೊಳಗಿದ್ದು ತಲೆ ಎತ್ತಿದವನ ಉಸಿರು ಅದು. ಅವಳ ಸರದಿ ಬಂದಾಗ ತನ್ನ ದೊಡ್ಡ ಗೊಂಬೆಯನ್ನು ಸೆರಗಿನೊಳಗೆ ಒತ್ತಿಕೊಂಡಳು. ಸೊಂಟದಲ್ಲಿ ಸಿಕ್ಕಿಸಿದ್ದ ಚಿಕ್ಕದನ್ನು ತೆಗೆದು, ಮೈಗೆ ತಾಗಿಸದೆ, ಉಸಿರು ಕಟ್ಟಿಕೊಂಡು, ಬಳೆ ದಾಟಿ ನೀರಿಗೆ ಬಿಟ್ಟಳು. ಗುಂಪಿನಲ್ಲಿ ಯಾರೂ ನೋಡಲಿಲ್ಲ.

ಹೊಳೆ ನೋಡಿತು.

ಗೊಂಬೆಗಳೆಲ್ಲ ಬಾಗಿನವರೆಗೆ ಹೋದವು. ಅಲ್ಲಿ ನಿಂತವು. ಆಮೇಲೆ ಒಂದೊಂದಾಗಿ ತಿರುಗಿ, ಚಾಚಿದ ಕೈಗಳೊಂದಿಗೆ, ಮೆಟ್ಟಿಲ ಕಡೆಗೆ ವಾಪಸು ಬಂದವು. ನೀರು ಹರಿಯುತ್ತಲೇ ಇತ್ತು, ಕಸಕಡ್ಡಿ ಹೋಗುತ್ತಲೇ ಇತ್ತು, ಗೊಂಬೆಗಳು ಮಾತ್ರ ಬಳೆಯ ಕೆಳಗೆ ಗುಂಪಾಗಿ ಕೂತವು. ಮೊದಲು ಯಾರಿಗೂ ಏನೂ ತಿಳಿಯಲಿಲ್ಲ. ಒಬ್ಬ ಮುದುಕ ಇದ್ದಕ್ಕಿದ್ದಂತೆ, “ತಮ್ಮಾ,” ಎಂದ. ಸುತ್ತಲಿನವರು ಅವನನ್ನು ನೋಡಿದರು. ಬಳೆ ದಾಟಿದ ಮೇಲೆ ಆ ಊರಿನಲ್ಲಿ ಸತ್ತವರನ್ನು ಯಾರೂ ಕರೆದವರಿಲ್ಲ. ಮುದುಕ ಮತ್ತೆ ಕರೆದ. ಆಮೇಲೆ ಇನ್ನೊಬ್ಬರು, ಮತ್ತೊಬ್ಬರು. ಅತ್ತೆಯನ್ನು ಕರೆದರು, ಅಪ್ಪನನ್ನು ಕರೆದರು, ಎಳೆಯ ಗೆಳೆಯನನ್ನು ಕರೆದರು. ಆ ವರ್ಷ ಊರಿನಲ್ಲಿ ಸತ್ತವರೆಲ್ಲ ಮೆಟ್ಟಿಲ ಮೇಲೆ ಬಂದು ಕೂತ ಹಾಗಾಯಿತು. ಕಾಗದದವಳಿಗೆ ಒಂದು ಕ್ಷಣ ಎದೆ ತುಂಬಿ ಬಂತು. ನೋಡಿ, ಇಷ್ಟು ಜನ ಇದ್ದರು ನಮ್ಮ ಜೊತೆ!

ಬಳೆಯಜ್ಜ ನೀರಿಗೆ ಇಳಿದ. ಉಸಿರು ತಾಗಿದ ಗೊಂಬೆಗಳು ಬೂದುಬಣ್ಣಕ್ಕೆ ತಿರುಗಿ ಅರ್ಧ ಮುಳುಗಿದ್ದವು. ಅವುಗಳ ನಡುವೆ ಒಂದೇ ಒಂದು ಬೆಳ್ಳಗೆ ತೇಲುತ್ತಿತ್ತು. ಅವನು ಅದನ್ನು ಎತ್ತಿ ಹಿಡಿದ. ಚಿಕ್ಕದು. ಆ ವರ್ಷ ಊರಿನಲ್ಲಿ ಸತ್ತ ಮಗು ಒಂದೇ. ಎಲ್ಲರೂ ಕಾಗದದವಳ ಕಡೆ ತಿರುಗಿದರು. ಅವಳು ತಲೆ ತಗ್ಗಿಸಲಿಲ್ಲ.

“ನಾನೇ ಅಜ್ಜ. ನಾನು ಕೊಡೋದಿಲ್ಲ.”

ಯಾರೋ ಹಿಂದಿನಿಂದ ಬೈದರು. ದೋಣಿಯವ ಮುಖ ಮುಚ್ಚಿಕೊಂಡು ಕೂತ. ಅಜ್ಜ ಬೈಯಲಿಲ್ಲ. “ಯಾಕೆ ತಾಯಿ?” ಎಂದ.

“ಮೊದಲೊಂದು ಕೊಟ್ಟಿದೀನಿ ಅಂತ ಗೊತ್ತಾಯ್ತು. ಯಾವುದು ಅಂತ ಗೊತ್ತಿಲ್ಲ. ಇವಳೂ ಹಾಗಾಗಬಾರದು.”

ಅಜ್ಜ ಕೈಯಲ್ಲಿದ್ದ ಚಿಕ್ಕ ಗೊಂಬೆಯನ್ನು ತಿರುಗಿಸಿ ನೋಡಿದ. ಅವನ ಮನೆಯಲ್ಲೂ ಅವನಿಗೆ ಗುರುತು ಸಿಗದ ವಸ್ತುಗಳು ಇದ್ದಿರಬೇಕು.

ಆಗ ಉಪ್ಪಿನವಳು ಎದ್ದು ಬಂದಳು. ಉಪ್ಪು ಮಾರಿ ಬದುಕುವ ಹುಡುಗಿ, ಮದುವೆಯಾಗಿ ಎರಡು ಮಳೆಗಾಲ ಕಂಡವಳು. ಅವಳ ಗಂಡ ಉಪ್ಪಿನ ಗದ್ದೆಯ ತೂಬಿನಲ್ಲಿ ಸಿಕ್ಕಿ ಸತ್ತಿದ್ದ. ತೂಬು ಎತ್ತಿದ್ದು ಅವಳೇ. ನೀರು ಬರಲಿ ಎಂದು ಅವನೇ ಕೂಗಿದ್ದಾನೆಂದುಕೊಂಡು ಎತ್ತಿದ್ದಳು. ಅವಳು ಕಾಗದದವಳ ಕಾಲ ಹತ್ತಿರ ಕೂತಳು.

“ಅಕ್ಕಾ, ನಿಮ್ಮದು ನಿಮಗೆ ಬೇಕು, ನನಗೆ ಗೊತ್ತಾಗುತ್ತೆ. ನನಗೆ ನನ್ನದು ಬೇಡ. ಕಣ್ಣು ಮುಚ್ಚಿದರೆ ನನ್ನ ಕೈ ತೂಬಿನ ಮೇಲೆ ಇರುತ್ತೆ. ಈ ದಿನ ಬರುತ್ತೆ ಅಂತ ಇಷ್ಟು ದಿನ ಉಸಿರಾಡಿದೀನಿ ಅಕ್ಕಾ. ಇವತ್ತು ಹೋಗಲಿಲ್ಲ ಅಂದರೆ ನಾಳೆ ನಾನಿರೋದಿಲ್ಲ.”

ಹೆದರಿಸಲು ಆಡಿದ ಮಾತಾಗಿರಲಿಲ್ಲ ಅದು. ಮನೆಗೆ ಬೇಕಾದ ಸಾಮಾನು ಹೇಳುವಂಥ ಸಾದಾ ದನಿಯಲ್ಲಿ ಹೇಳಿದ್ದಳು. ಕಾಗದದವಳು ಅವಳ ಕೈ ನೋಡಿದಳು. ಉಪ್ಪು ತಿಂದು ಬಿರಿದ ಕೈ, ಇನ್ನೂ ಎಳೆಯದು. ಮಗಳು ಬೆಳೆದಿದ್ದರೆ ಕೆಲವೇ ವರ್ಷಕ್ಕೆ ಇಷ್ಟಾಗುತ್ತಿದ್ದಳು. ತನ್ನ ಸತ್ತ ಮಗಳನ್ನು ಇಟ್ಟುಕೊಳ್ಳಲು ಇನ್ನೊಬ್ಬರ ಬದುಕಿರುವ ಮಗಳನ್ನು ಕೊಡಬೇಕು ಎಂದಾದರೆ ಏನು ಮಾಡುವುದು? ಅವಳಿಗೆ ಸಿಟ್ಟು ಬಂತು. ಹೊಳೆಯ ಮೇಲೆ, ಹುಲ್ಲಿನ ಮೇಲೆ, ಇಂಥ ಕಟ್ಟಳೆ ಮಾಡಿಟ್ಟು ಮರೆತುಹೋದ ಹಿರಿಯರ ಮೇಲೆ. ಸಿಟ್ಟಿನಿಂದ ಏನೂ ಆಗಲಿಲ್ಲ. ಉಪ್ಪಿನವಳು ಕೂತೇ ಇದ್ದಳು.

“ಅಜ್ಜ, ಹೊತ್ತು ಮುಳುಗೋವರೆಗೆ ಬಿಡಿ. ಮನೆಗೆ ಹೋಗಿ ಬರ್ತೀನಿ.”

“ಹೋಗಿ ಬಾ ತಾಯಿ,” ಎಂದ ಅಜ್ಜ. “ಬಾ ಆದರೆ.”

ಮನೆಗೆ ಬಂದವಳು ಮಗಳ ಜೋಡಿನ ಮುಂದೆ ಸ್ವಲ್ಪ ಹೊತ್ತು ಕೂತಳು. ಆಮೇಲೆ ಹಿಂದಕ್ಕೆ ಹೋಗಿ ಸುಣ್ಣ, ಮರಳು, ಹಸಿ ಮಣ್ಣು ಕಲಸಿದಳು. ಎರಡು ಪುಟ್ಟ ಕೈಗಳ ಪಕ್ಕದಲ್ಲಿ ಗೋಡೆ ಕೆರೆದು, ಗಾರೆಯನ್ನು ದಪ್ಪವಾಗಿ ಮೆತ್ತಿದಳು. ತನ್ನ ಎಡಗೈ ಅಂಗೈಯನ್ನು ಅದರೊಳಗೆ ಒತ್ತಿದಳು, ಬೆರಳು ಅಗಲಿಸಿ, ಗಾರೆ ಬೆರಳಸಂದಿಯಲ್ಲಿ ಮೇಲೆದ್ದು ಬರುವವರೆಗೆ. ಒತ್ತಿಕೊಂಡೇ ನಿಂತು ಮಗಳ ಹೆಸರು ಹೇಳಿದಳು. ಮತ್ತೆ ಹೇಳಿದಳು. ಮಗಳ ಕೋತಿಯಾಟ ಹೇಳಿದಳು, ಕೆಮ್ಮು ಹೇಳಿದಳು, ಕೆಮ್ಮು ನಿಂತ ಬೆಳಗ್ಗೆ ತಾನು ಸಂತೋಷಪಟ್ಟದ್ದನ್ನೂ ಹೇಳಿದಳು. ಮೊದಲಿನ ಮಗುವಿಗೆ ಹೇಳಲು ಏನೂ ಇರಲಿಲ್ಲ. “ನಿನ್ನ ಜೊತೆಗೆ ಅವಳಿದಾಳೆ ಕಣಪ್ಪಾ,” ಎಂದಳು. ಕಣಪ್ಪಾ ಎಂದು ತಾನಾಗಿ ಬಾಯಿಗೆ ಬಂದದ್ದು ಅವಳ ಗಮನಕ್ಕೆ ಬರಲಿಲ್ಲ.

ಕೈ ತೆಗೆದಳು. ತೊಳೆಯಲಿಲ್ಲ. ಗಾರೆ ಮೆತ್ತಿದ ಅಂಗೈಯನ್ನು ಮುಷ್ಟಿ ಕಟ್ಟಿಕೊಂಡು ಹೊಳೆಗೆ ಬಂದಳು.

ಮೆಟ್ಟಿಲ ಮೇಲೆ ಯಾರೂ ಕದಲಿರಲಿಲ್ಲ. ಅವಳು ಸೆರಗಿನೊಳಗಿಂದ ದೊಡ್ಡ ಗೊಂಬೆ ತೆಗೆದು ಬಲಗೈಯಲ್ಲಿ ಹಿಡಿದಳು. ತಲೆಯದು ಹೋಗಲಿ ಎಂದಳು, ತಲೆಗೆ ಉಜ್ಜಿದಳು. ಎದೆಯದು ಹೋಗಲಿ ಎಂದಳು, ಎದೆಗೆ ಉಜ್ಜಿದಳು, ಅಲ್ಲಿ ಕೈ ಸ್ವಲ್ಪ ನಿಂತಿತು. ಕೈಯದು ಹೋಗಲಿ ಎಂದಳು. ಎಡತೋಳಿನ ಮೇಲಿಂದ ಮಣಿಕಟ್ಟಿನವರೆಗೆ ಗೊಂಬೆ ಇಳಿದು ಬಂತು. ಮುಷ್ಟಿ ತೆರೆಯಲಿಲ್ಲ. ಮುಷ್ಟಿಯನ್ನು ಬಿಟ್ಟು ಗೊಂಬೆ ಕಾಲಿಗೆ ಹೋಯಿತು.

ಬಳೆಯಜ್ಜ ಪಕ್ಕದಲ್ಲೇ ನಿಂತಿದ್ದ. ಬೆರಳಸಂದಿಯಲ್ಲಿ ಒಣಗುತ್ತಿದ್ದ ಗಾರೆಯನ್ನು ಅವನು ನೋಡಿದ. ಎಷ್ಟೋ ಹಬ್ಬಗಳಲ್ಲಿ ಊರಿನವರ ತಲೆಯಿಂದ ಕಾಲಿನವರೆಗೆ ಕಣ್ಣಿಟ್ಟು ಕಾಯ್ದವನು. ಈಗ ಅವನು ಮುಖ ತಿರುಗಿಸಿ, ಕೆದರಿದ ಹುಲ್ಲಿನ ಎಳೆಯೊಂದನ್ನು ಬಳೆಯೊಳಗೆ ಸಿಕ್ಕಿಸತೊಡಗಿದ.

ಅವಳು ಗೊಂಬೆಯ ಮೇಲೆ ಉಸಿರು ಬಿಟ್ಟಳು. ಮೊದಲನೆಯ ಉಸಿರಿಗೆ ಮಗಳ ಧ್ವನಿ ಹೋಯಿತು. ಎರಡನೆಯದಕ್ಕೆ ಮುಖ ಹೋಯಿತು. ಮೂರನೆಯದನ್ನು ಬಿಡುವ ಮೊದಲು ಅವಳು ಹೆಸರನ್ನು ಹಲ್ಲಿನ ನಡುವೆ ಹಿಡಿದುಕೊಂಡು ನಿಂತಳು. ಉಪ್ಪಿನವಳು ಕೆಳಗಿನ ಮೆಟ್ಟಿಲಿನಿಂದ ಅವಳನ್ನೇ ನೋಡುತ್ತಿದ್ದಳು. ಕಾಗದದವಳು ಬಿಟ್ಟಳು.

ಗೊಂಬೆ ನೀರಿಗೆ ಬಿತ್ತು. ಬಾಗಿನಲ್ಲಿ ತಡೆದಿದ್ದದ್ದು ಸರಿದ ಹಾಗೆ ಎಲ್ಲವೂ ಒಟ್ಟಿಗೆ ಹೊರಟವು, ಬೂದುಬಣ್ಣದ ಸಾಲು, ಚಾಚಿದ ಕೈಗಳು, ಒಂದರ ಹಿಂದೆ ಒಂದು. ದಡದಲ್ಲಿ ಮೊದಲು ನಕ್ಕವಳು ಉಪ್ಪಿನವಳು. ಯಾಕೆ ಕೂತಿದ್ದೇನೆ ಎಂದು ಅವಳೇ ಆಶ್ಚರ್ಯಪಟ್ಟು, ಎದ್ದು, ಸೀರೆ ಕೊಡವಿಕೊಂಡು ಮನೆಗೆ ಹೋದಳು.

ಮಾರನೆಯ ದಿನ ಊರೆಲ್ಲ ಸುಣ್ಣದ ವಾಸನೆ. ದೋಣಿಯವ ಬೆಳಗ್ಗೆಯೇ ಹಾಡಿಕೊಳ್ಳುತ್ತ ಮನೆ ಗುಡಿಸುತ್ತಿದ್ದ. ಬಾಗಿಲ ಹತ್ತಿರ ಬಗ್ಗಿ, “ಇದು ಯಾರ ಜೋಡೇ? ಇಷ್ಟು ಪುಟ್ಟದು?” ಎಂದ.

“ಯಾರ ಮಗುವೋ ಬಿಟ್ಟುಹೋಗಿರಬೇಕು,” ಎಂದಳು ಅವಳು ಒಳಗಿನಿಂದ. “ಪಕ್ಕದಲ್ಲಿ ಕೇಳಿ, ಕೊಟ್ಟುಬಿಡಿ.”

ಅವಳು ಸುಣ್ಣದ ಬಕೆಟ್ಟು, ಕುಂಚ ಹಿಡಿದು ಹಿಂದಿನ ಗೋಡೆಗೆ ಬಂದಳು. ಮೈ ಹಗುರವಾಗಿತ್ತು. ಹಬ್ಬದ ಮಾರನೆಯ ದಿನ ಯಾವಾಗಲೂ ಹಾಗೇ. ಒಂದು ಮೂಲೆಯಿಂದ ಹೊಡೆಯುತ್ತ ಬಂದಳು, ಚಕಚಕನೆ. ನಡುವಿಗೆ ಬಂದಾಗ ಕುಂಚ ನಿಂತಿತು. ಅಲ್ಲಿ ಹೊಸ ಗಾರೆಯಲ್ಲಿ ಒಂದು ಅಂಗೈ ಇತ್ತು. ಅದರ ಪಕ್ಕದಲ್ಲಿ ಪುಟ್ಟದೊಂದು. ಅದರ ಪಕ್ಕದಲ್ಲಿ ಇನ್ನೂ ಪುಟ್ಟದೊಂದು.

‘ಇದೇನು ಇಲ್ಲಿ,’ ಎಂದುಕೊಂಡು ಅವಳು ಕುಂಚ ಎತ್ತಿದಳು. ಕೈ ಮುಂದೆ ಹೋಗಲಿಲ್ಲ. ತನ್ನ ಎಡ ಅಂಗೈ ತಿರುಗಿಸಿ ನೋಡಿದಳು. ರೇಖೆಗಳಲ್ಲಿ ಗಾರೆ ಒಣಗಿ ಕೂತಿತ್ತು. ಸುಮ್ಮನೆ, ಸರಿಹೋಗುತ್ತದೋ ನೋಡೋಣ ಎಂದು, ಆ ಅಂಗೈಯನ್ನು ಗೋಡೆಯ ಅಂಗೈಯೊಳಗೆ ಇಟ್ಟಳು. ಒಂದು ಕೂದಲಿನಷ್ಟೂ ವ್ಯತ್ಯಾಸವಿಲ್ಲದೆ ಕೂತಿತು.

ಅಂಗೈಯಿಂದ ಅದು ಮೇಲೆ ಬಂತು. ಏನು ಎಂದು ಅವಳಿಗೆ ತಿಳಿಯಲಿಲ್ಲ. ಮಣಿಕಟ್ಟಿಗೆ ಬಂತು, ತೋಳಿಗೆ ಬಂತು, ಎದೆಗೆ ಬಂತು. ಅಲ್ಲಿ ಯಾರ ಮುಖವೂ ಇರಲಿಲ್ಲ, ಯಾರ ಹೆಸರೂ ಇರಲಿಲ್ಲ, ಆದರೂ ಎದೆಯೊಡೆಯುವಷ್ಟು ಇತ್ತು. ಅವಳು ಗೋಡೆಗೆ ಹಣೆ ಒತ್ತಿ ಅಳತೊಡಗಿದಳು. ಹಬ್ಬದ ಮಾರನೆಯ ದಿನ ಆ ಊರಿನಲ್ಲಿ ಯಾರೂ ಅತ್ತದ್ದಿಲ್ಲ. ಹೇಗೆ ನಿಲ್ಲಿಸುವುದು ಎಂದು ಅವಳಿಗೂ ಗೊತ್ತಿರಲಿಲ್ಲ.

ಸದ್ದು ಕೇಳಿ ದೋಣಿಯವ ಓಡಿ ಬಂದ. ಪುಟ್ಟ ಜೋಡು ಅವನ ಕೈಯಲ್ಲೇ ಇತ್ತು. “ಏನಾಯ್ತೇ? ಕಾಲು ಜಾರಿತಾ?” ಎಂದ. ಅವಳು ಗೋಡೆ ತೋರಿಸಿದಳು. ಅವನು ನೋಡಿದ. ಆ ಇನ್ನೂ ಪುಟ್ಟದಾದ ಕೈಯ ಮುಂದೆ ಕೂತು, ತನ್ನ ಸೊಟ್ಟ ಕಿರುಬೆರಳನ್ನು ಅದರ ಸೊಟ್ಟ ಕಿರುಬೆರಳಿನ ಮೇಲೆ ಇಟ್ಟ. ಇಟ್ಟವನು ತೆಗೆಯಲಿಲ್ಲ. ಹಾಗೇ ಕೂತು ಕೇಳಿದ.

“ಯಾರಿಗೋಸ್ಕರ ಅಳ್ತಿದೀಯ?”

“ಗೊತ್ತಿಲ್ಲ ರೀ,” ಎಂದಳು ಅವಳು. “ಆದರೆ ಇಬ್ಬರು.”

ಅವನು ಸುಣ್ಣದ ಬಕೆಟ್ಟನ್ನು ಗೋಡೆಯಿಂದ ದೂರ ಸರಿಸಿದ. ಆಮೇಲೆ ಎದ್ದುಹೋಗಿ, ಆ ಪುಟ್ಟ ಜೋಡನ್ನು ಬಾಗಿಲ ಹತ್ತಿರ, ಮೊದಲಿದ್ದ ಜಾಗದಲ್ಲೇ ಇಟ್ಟು ಬಂದ.